ಒಲೆಯಲ್ಲಿದ್ದ ಎರಡನೇ ಗೆಡ್ಡೆ

ಭಾನುವಾರ ಬೆಳಿಗ್ಗೆ ಒಂಬತ್ತು ಗಂಟೆ ಐವತ್ತು ನಿಮಿಷಕ್ಕೆ ಅವ್ವ ತಟ್ಟೆಯನ್ನು ಅರ್ಧಕ್ಕೇ ಬಿಟ್ಟು ಹಿತ್ತಲಿಗೆ ಎದ್ದು ಹೋದಳು. ಹೊತ್ತು ಇಷ್ಟು ಖಚಿತವಾಗಿ ಗೊತ್ತಿರುವುದು ನನ್ನ ಕೈಯಲ್ಲಿ ಮೊಬೈಲ್ ಇದ್ದುದರಿಂದ. ಪ್ರಾಂಶುಪಾಲರು ಕಾಲೇಜಿನ ಗುಂಪಿಗೆ ಹಾಕಿದ್ದ ಸುತ್ತೋಲೆಗೆ ಆಗತಾನೇ ‘ಸರಿ ಸರ್’ ಎಂದು ಬರೆದಿದ್ದೆ. ಆ ಎರಡು ಪದ ಹೋದ ಸಮಯ ಇವತ್ತಿಗೂ ಫೋನಿನಲ್ಲಿದೆ, ಅಳಿಸಿಲ್ಲ. ಅದನ್ನು ಕಳಿಸಿ ತಲೆ ಎತ್ತುವಷ್ಟರಲ್ಲಿ ಹಿತ್ತಲಿನಿಂದ ವಾಂತಿಯ ಸದ್ದು ಬಂತು.

ನಾನು ಮಧುಗಿರಿಯ ಒಂದು ಪಿಯು ಕಾಲೇಜಿನಲ್ಲಿ ಜೀವಶಾಸ್ತ್ರ ಹೇಳುವವಳು. ಶನಿವಾರ ಮಧ್ಯಾಹ್ನದ ಬಸ್ಸಿಗೆ ಊರಿಗೆ ಬಂದು ಸೋಮವಾರ ಬೆಳಿಗ್ಗೆ ಹೊರಡುತ್ತೇನೆ. ಊರು ಪಾವಗಡದಾಚೆ, ನಾಗಲಮಡಿಕೆ ಕಡೆ. ಮನೆಯಲ್ಲಿ ಅಪ್ಪ, ಅವ್ವ. ಎರಡು ಮನೆ ದಾಟಿದರೆ ದೊಡ್ಡಪ್ಪ, ಅವನ ನಲವತ್ತು ಕುರಿಗಳು. ಈ ಕಥೆಯಲ್ಲಿ ಕೆಟ್ಟವರು ಯಾರೂ ಇಲ್ಲ. ಎಲ್ಲರೂ ಒಳ್ಳೆಯವರೇ, ನನಗೆ ತಲೆ ಕೆಡುವುದು ಅದಕ್ಕೇ.

ಅಪ್ಪನ ಹಿಮ್ಮಡಿಯಲ್ಲಿ ಒಂದು ಆಣಿ ಎದ್ದಿತ್ತು. ಬ್ಲೇಡಿನಲ್ಲಿ ಕೊಯ್ದ, ಬ್ಯಾಟರಿ ಅಂಗಡಿಯವನಿಂದ ಎಂಥದೋ ಆಸಿಡ್ ತಂದು ಹಚ್ಚಿದ, ಕುಂಟುವುದು ಮಾತ್ರ ನಿಲ್ಲಲಿಲ್ಲ. ಡಾಕ್ಟರಿಗೆ ತೋರಿಸು ಎಂದರೆ, “ಕಾಲಿಗೆಲ್ಲ ಡಾಕ್ಟ್ರಾ?” ಎನ್ನುವ ಮನುಷ್ಯ. ಆಣಿಗೆ ನಮ್ಮ ದೊಡ್ಡಪ್ಪ ಒಂದು ಮದ್ದು ಕೊಡುತ್ತಾನೆ. ದಿನವೆಲ್ಲ ಕಲ್ಲುಮುಳ್ಳಿನಲ್ಲಿ ಕುರಿ ಹಿಂದೆ ನಡೆಯುವವರಿಗೆ ಆಣಿ ಹೊಸದಲ್ಲ, ಮದ್ದೂ ಹೊಸದಲ್ಲ. ಕಾಡಿನ ಒಂದು ಗೆಡ್ಡೆಯನ್ನು ಕೆಂಡದಲ್ಲಿ ಸುಟ್ಟು, ಎರಡು ಹೋಳು ಮಾಡಿ, ಬಿಸಿ ಇರುವಾಗಲೇ ಆಣಿಗೆ ಒತ್ತಿ ಬಟ್ಟೆ ಕಟ್ಟಬೇಕು. ಮೂರು ಭಾನುವಾರ ತಪ್ಪದೆ ಕಟ್ಟಿದರೆ ಆಣಿ ಬೇರುಸಮೇತ ಉದುರುತ್ತದಂತೆ. ಒಂದೇ ಕಟ್ಟಳೆ: ಗೆಡ್ಡೆ ಕಿತ್ತವನು ಅದನ್ನು ಎಲ್ಲಿ ಕಿತ್ತೆ, ಯಾವ ಗಿಡದ್ದು ಎಂದು ಯಾರಿಗೂ ಹೇಳಕೂಡದು. ಹೇಳಿದರೆ ಮದ್ದಿನ ಗುಣ ಹೋಗುತ್ತದೆ.

ಆವತ್ತು ಎರಡನೇ ಭಾನುವಾರ.

ನಮ್ಮ ಮನೆಯಲ್ಲಿ ಗ್ಯಾಸ್ ಇದೆ. ಆದರೆ ಮುದ್ದೆ ಮತ್ತು ಗೊಜ್ಜು ಮಾತ್ರ ಹಿತ್ತಲಿನ ಸೌದೆ ಒಲೆಯಲ್ಲೇ ಆಗಬೇಕು. ಈರುಳ್ಳಿಯನ್ನು ಸಿಪ್ಪೆಸಮೇತ ಕೆಂಡದಲ್ಲಿ ಹೂತು, ಮೇಲೆಲ್ಲ ಕರಿ ಹಿಡಿದ ಮೇಲೆ ಸುಲಿದು, ಸುಟ್ಟ ಮೆಣಸಿನಕಾಯಿ, ಬೆಳ್ಳುಳ್ಳಿ, ಹುಣಸೆಹಣ್ಣು, ಉಪ್ಪಿನ ಜೊತೆ ಕುಟ್ಟಿದರೆ ಅದು ಅವ್ವನ ಗೊಜ್ಜು. ಆವತ್ತು ಅವ್ವ ಒಂದು ಈರುಳ್ಳಿಯನ್ನು ಕೆಂಡಕ್ಕೆ ಹಾಕಿ ಕೋಳಿ ಬಿಡಲು ಹೋದಳು. ಅವಳು ಅತ್ತ ಹೋದ ಮೇಲೆ ಅಪ್ಪ ಕುಂಟುತ್ತ ಬಂದು, ಟವೆಲಿನ ಗಂಟು ಬಿಚ್ಚಿ, ತನ್ನ ಗೆಡ್ಡೆಯನ್ನು ಈರುಳ್ಳಿಯ ಪಕ್ಕದಲ್ಲೇ ತಳ್ಳಿ, ಬಟ್ಟೆ ಹುಡುಕಲು ಒಳಗೆ ಹೋದ. ಒಂದು ಮಾತು ಹೇಳಬೇಡವೇ?

ಅಪ್ಪನನ್ನು ಬೈಯುವ ಹಕ್ಕು ನನಗೆಷ್ಟಿದೆಯೋ ಗೊತ್ತಿಲ್ಲ. ಅವನು ಗೆಡ್ಡೆ ತಳ್ಳುವುದನ್ನು ನಾನು ನೋಡಿದ್ದೆ. ಜಗಲಿಯ ಅಂಚಿನಲ್ಲಿ ಕೂತು ನೋಡಿದ್ದೆ. ಶಿರಾದಲ್ಲಿ ಮೂರು ವರ್ಷ ಸಸ್ಯಶಾಸ್ತ್ರ ಓದಿ ಬಿ.ಎಸ್ಸಿ. ಮಾಡಿದವಳು ನಾನು. ಬಿಳಿ ಪೊರೆಯ, ನಿಂಬೆಹಣ್ಣಿಗಿಂತ ಸ್ವಲ್ಪ ದಪ್ಪನೆಯ ಒಂದು ಗೆಡ್ಡೆ ಈರುಳ್ಳಿಯ ಪಕ್ಕ ಕೆಂಡ ಸೇರಿದ್ದನ್ನು ಕಣ್ಣಾರೆ ಕಂಡು ಮತ್ತೆ ಮೊಬೈಲಿಗೆ ತಲೆ ಬಗ್ಗಿಸಿದೆ. ಆಮೇಲೆ ರಾತ್ರಿ ಹಗಲು ನನ್ನ ಕಣ್ಣ ಮುಂದೆ ಓಡಿದ್ದು ಈ ಒಂದು ನಿಮಿಷವೇ.

ಅವ್ವ ಬಂದು ನೋಡಿದಳು, ಕೆಂಡದಲ್ಲಿ ಎರಡಿವೆ. ಮಗಳಿಗೆ ಗೊಜ್ಜು ಇಷ್ಟ, ಇನ್ನೊಂದು ಈರುಳ್ಳಿ ಇಟ್ಟಿದ್ದಾಳೆ ಎಂದುಕೊಂಡಳು. ಕರಿ ಹಿಡಿದ ಮೇಲೆ ಎರಡಕ್ಕೂ ಏನೂ ವ್ಯತ್ಯಾಸವಿರಲಿಲ್ಲ. ಎರಡನ್ನೂ ಸುಲಿದು ಕುಟ್ಟಿದಳು.

ನಾನು ಬೆರಳ ತುದಿಯಲ್ಲಿ ತೆಗೆದು ನಾಲಿಗೆಗೆ ಇಟ್ಟೆ. ಕಹಿ, ಜೊತೆಗೆ ಎಂಥದೋ ಕೆರೆತ. ಥೂ ಎಂದು ಉಗಿದೆ.

“ಅವ್ವಾ, ಏನಿದು ಇಷ್ಟು ಕಹಿ?”

“ಮೆಣಸಿನ್ಕಾಯಿ ಒಸಿ ಸೀದೈತೆ. ನಿಂಗೆ ಹೋಟ್ಲು ತಿಂಡಿ ತಿಂದು ತಿಂದು ನಾಲ್ಗೆ ಕೆಟ್ಟೈತೆ ಕಣೆ.”

“ಬ್ಯಾಡ ಬುಡವ್ವ, ಚೆಲ್ಲು.”

“ಚೆಲ್ತಾರಂತೆ! ಮಾಡ್ದೋಳಿಗಲ್ವಾ ಗೊತ್ತು ಕಷ್ಟ.”

ನಾನು ಮುದ್ದೆಗೆ ಮಜ್ಜಿಗೆ ಹಾಕಿಕೊಂಡೆ. ಅವಳು ಹಟಕ್ಕೆ ಬಿದ್ದವಳಂತೆ ಅದೇ ಗೊಜ್ಜಿನಲ್ಲಿ ಅರ್ಧ ಮುದ್ದೆ ನುಂಗಿದಳು. ಎಲೆಅಡಿಕೆ, ಹೊಗೆಸೊಪ್ಪಿಗೆ ನಾಲಿಗೆ ಮರಗಟ್ಟಿ ಎಷ್ಟು ವರ್ಷವಾಯಿತೋ.

ಅವಳು ಹಿತ್ತಲಿನಲ್ಲಿ ಎರಡನೇ ಸಲ ವಾಂತಿ ಮಾಡುತ್ತಿರುವಾಗ ಅಪ್ಪ ಒಲೆ ಮುಂದೆ ಕುಕ್ಕರುಗಾಲಲ್ಲಿ ಕೂತು ಕಡ್ಡಿಯಿಂದ ಬೂದಿ ಕೆದಕುತ್ತಿದ್ದ. “ಇಲ್ಲಿ ನನ್ ಗೆಡ್ಡೆ ಇಟ್ಟಿದ್ನಲ್ಲ, ಏನಾತು?” ಎಂದು ಕೇಳಿದ. ಆಗ ನನಗೆ ಗೊತ್ತಾಯಿತು.

ಆಮೇಲಿನ ಅರ್ಧ ಗಂಟೆಯನ್ನು ನೆನೆದರೆ ಈಗಲೂ ಕೋಪ ಬರುತ್ತದೆ. ಅಪ್ಪ ಹುಣಸೆಹಣ್ಣು ಕಿವುಚಿದ ನೀರು ಕುಡಿಸಲು ಹೊರಟ. ಪಕ್ಕದ ಮನೆಯ ಅಜ್ಜಿ ನುಗ್ಗೆಸೊಪ್ಪಿನ ರಸ ಎಂದಳು. ಅದು ಬೇಡ, ಇದು ಬೇಡ, ಗಾಡಿ ಬೇಕು ಎಂದು ನಾನು ಕಿರುಚಿದರೆ, ಟೊಮೆಟೊ ಸಾಗಿಸುವ ಟೆಂಪೊದವನು ಹಿಂದಿನ ಕ್ರೇಟುಗಳನ್ನು ಒಂದೊಂದಾಗಿ ಇಳಿಸಿ, ಸಾಲಾಗಿ ಜೋಡಿಸಿ ಆಮೇಲೆ ಕೀ ತಿರುಗಿಸಿದ. ಹೊರಡುವ ಮುಂಚೆ, ಗೊಜ್ಜು ಉಳಿದಿದ್ದರೆ ತೋರಿಸಬಹುದೆಂದು ಒಳಗೆ ಓಡಿದೆ. ಅಜ್ಜಿ ಅಷ್ಟರಲ್ಲಿ ಕುಟ್ಟಾಣಿ, ತಟ್ಟೆ ಎಲ್ಲ ತೊಳೆದು ಬೋರಲು ಹಾಕಿದ್ದಳು. “ವಿಷ ಅಂದ್ಯಲ್ಲವ್ವ, ಬುಡಕಾಯ್ತದಾ?” ಎಂದಳು.

ಪಾವಗಡದ ಆಸ್ಪತ್ರೆಯಲ್ಲಿ ಆಯಾ ಅವ್ವನ ಕಣ್ಣಿನ ರೆಪ್ಪೆ ಬಿಡಿಸಿ ನೋಡುತ್ತ, “ಏಮಿ ತಿನ್ನಾದಮ್ಮಾ ಈಯಮ್ಮ?” ಎಂದು, ಏನು ತಿಂದಿದ್ದಾಳೆಂದು ತೆಲುಗಿನಲ್ಲಿ ಕೇಳಿದಳು. ಅಪ್ಪ ತಕ್ಷಣ, “ಏಂ ಲೇದಮ್ಮ, ಗ್ಯಾಸ್ಟ್ರಿಕ್” ಎಂದು, ಏನೂ ಇಲ್ಲವೆಂದುಬಿಟ್ಟ. ನಾನು ಅವನ ತೋಳು ಹಿಡಿದು ಪಕ್ಕಕ್ಕೆ ಎಳೆದು, ಗೆಡ್ಡೆ ತಿಂದ ವಿಷಯ ಹೇಳಿದೆ. ಡ್ಯೂಟಿಯಲ್ಲಿದ್ದ ಡಾಕ್ಟರು ನನಗಿಂತ ಚಿಕ್ಕವರು. ನಾಡಿ ಹಿಡಿದು ಗಡಿಯಾರ ನೋಡಿದರು. ಐವತ್ತನಾಲ್ಕು ಎಂದರು. ಇಸಿಜಿ ಮಾಡಿಸಿ ಉದ್ದನೆಯ ಕಾಗದವನ್ನು ಬೆಳಕಿಗೆ ಹಿಡಿದರು.

“ಯಾವ ಗೆಡ್ಡೆ?”

ಈ ಪ್ರಶ್ನೆಯನ್ನು ನಾನು ವಿದ್ಯಾರ್ಥಿಗಳಿಗೆ ಎಷ್ಟು ಸಲ ಕೇಳಿದ್ದೇನೆ! ನಮ್ಮ ಸೀಮೆಯಲ್ಲಿ ಈರುಳ್ಳಿಯಂತೆ ಕಾಣುವ ಕಾಡು ಗೆಡ್ಡೆಗಳು ಮುಖ್ಯವಾಗಿ ಮೂರು. ಒಂದು, ಕೆರೆ ಅಂಗಳದಲ್ಲಿ, ಹಳ್ಳದ ದಂಡೆಯಲ್ಲಿ ಬೆಳೆಯುವ ಕ್ರೈನಮ್. ಜನ ಕುಂಡದಲ್ಲಿಟ್ಟು ಅಮರಿಲ್ಲಿಸ್ ಎಂದು ಮುದ್ದು ಮಾಡುತ್ತಾರಲ್ಲ, ಅದರ ಕಾಡಿನ ಬಂಧು. ಮಳೆ ಬಿದ್ದೊಡನೆ ಅಗಲವಾದ ಪಟ್ಟಿಯಂಥ ಎಲೆ, ಬಿಳಿ ಎಸಳಿನ ನಡುವೆ ಗುಲಾಬಿ ಗೀರು. ಎರಡನೆಯದು ಗುಡ್ಡದ ಬಂಡೆ ಸಂದಿನಲ್ಲಿ ಒಂದೆರಡು ದಿನ ಮಾತ್ರ ಅರಳಿ ಸಂಜೆ ಹೊತ್ತು ಘಮ್ಮೆನ್ನುವ ಬಿಳಿ ಹೂವಿನದು, ಅದೂ ಅದೇ ಕುಟುಂಬ. ಅಸಲಿ ಈರುಳ್ಳಿ ಬೆಳ್ಳುಳ್ಳಿಯನ್ನೂ ಈಗ ಅದೇ ಕುಟುಂಬಕ್ಕೆ ಸೇರಿಸಿದ್ದಾರೆ. ಮೂರನೆಯದು ಕಾಡು ಈರುಳ್ಳಿ. ಕುಟುಂಬ ಬೇರೆ, ಗೆಡ್ಡೆ ಮಾತ್ರ ಅಕ್ಕತಂಗಿಯರಂತೆ. ಮೊದಲಿನ ಎರಡು ಹೊಟ್ಟೆಗೆ ಹೋದರೆ ಕರುಳು ಕಿತ್ತು ಬರುವಂತೆ ವಾಂತಿ. ಮೂರನೆಯದು ವಾಂತಿ ಮಾಡಿಸಿ ಸುಮ್ಮನಾದಂತೆ ನಟಿಸುತ್ತದೆ, ಆಮೇಲೆ ಹೃದಯದ ಬಡಿತವನ್ನು ಒಂದೊಂದಾಗಿ ಕಡಿಮೆ ಮಾಡುತ್ತ ಹೋಗುತ್ತದೆ.

ಇದನ್ನೆಲ್ಲ ಡಾಕ್ಟರಿಗೆ ಪಟಪಟ ಒಪ್ಪಿಸಿದೆ. ಅವರು ಸಮಾಧಾನದಿಂದ ಕೇಳಿ, “ಸರಿ ಮೇಡಂ, ಇದರಲ್ಲಿ ಯಾವುದು?” ಎಂದರು.

ಗೊತ್ತಿರಲಿಲ್ಲ. ಬೇಸಿಗೆ. ಮೂರಕ್ಕೂ ಎಲೆ ಒಣಗಿ, ಅಲ್ಲೊಂದು ಇಲ್ಲೊಂದು ಒಣಕಡ್ಡಿ ಬಿಟ್ಟರೆ ನೆಲದ ಮೇಲೆ ಗುರುತಿರದ ಕಾಲ. ನಮ್ಮ ವಿದ್ಯೆ ಹೂವಿನಿಂದ ಶುರುವಾಗುತ್ತದೆ. ಹೂವಿಲ್ಲ, ಎಲೆಯಿಲ್ಲ, ಕರಿ ಹಿಡಿದ ಗೆಡ್ಡೆಯೂ ಇಲ್ಲ ಎಂದರೆ ನಾನೂ ಆ ಟೆಂಪೊದವನೂ ಒಂದೇ. ಡಿಗ್ರಿಯಲ್ಲಿದ್ದಾಗ ಇವೇ ಗಿಡಗಳನ್ನು ಹಳೇ ಪೇಪರಿನ ನಡುವೆ ಒತ್ತಿ ಒಣಗಿಸಲು ಹೋಗಿದ್ದೆ. ಗೆಡ್ಡೆ ಒಣಗದೆ ಕೊಳೆತು, ಪೇಪರೊಳಗೇ ಮೊಳಕೆ ಬಿಟ್ಟಿತ್ತು. “ಇಸ್ತ್ರಿ ಮಾಡಿದ್ರೆ ಸಾಯೋ ಜಾತಿ ಅಲ್ಲವ್ವ ಅದು” ಎಂದು ದೊಡ್ಡಪ್ಪ ಹೊಟ್ಟೆ ಹಿಡಿದುಕೊಂಡು ನಕ್ಕಿದ್ದ.

“ನೋಡಿ, ನಾಡಿಗೆ ಬೇಕಾದ ಔಷಧಿ ನಾನು ಹೇಗೂ ಕೊಡ್ತೀನಿ,” ಎಂದರು ಡಾಕ್ಟರು. “ಕೆರೆ ಗೆಡ್ಡೆಯಾದರೆ ಇಲ್ಲೇ ಇಟ್ಕೊಂಡು ನೋಡಬಹುದು. ಆ ಮೂರನೆಯದಾದರೆ ತುಮಕೂರಿಗೆ ಕಳಿಸಬೇಕು, ಅದೂ ಈಗಲೇ. ಕಿತ್ತವರನ್ನು ಕೇಳಿ.”

ದೊಡ್ಡಪ್ಪನಿಗೆ ಫೋನ್ ಮಾಡಿದೆ. ಕುರಿಗಳ ಸದ್ದಿನ ನಡುವೆ ಅವನ ದನಿ.

“ದೊಡ್ಡಪ್ಪ, ಆಣಿಗೆ ಗೆಡ್ಡೆ ಕೊಟ್ಟಿದ್ಯಲ್ಲ, ಅದನ್ನ ಎಲ್ಲಿ ಕಿತ್ತೆ?”

“ಯಾಕವ್ವ, ನೋವು ಬುಡ್ತಾ?”

“ನೋವಿನ ಮಾತು ಬುಡು. ಎಲ್ಲಿ ಕಿತ್ತೆ?”

“ಮದ್ದು ಕಿತ್ತ ತಾವು ಹೇಳ್ಬಾರ್ದು ಕಣವ್ವ. ಓದ್ದೋಳು ನೀನು, ಅಷ್ಟು ಗೊತ್ತಾಗಲ್ವಾ?”

“ಕೆರೆ ತಾವೋ, ಗುಡ್ಡದ ಮ್ಯಾಲೋ? ಅಷ್ಟಾದ್ರೂ ಹೇಳು.”

“ಅಷ್ಟು ಹೇಳಿದ್ರೆ ಇನ್ನೇನು ಉಳೀತು? ನಿಮ್ಮಪ್ಪ ಸಾಯಗಂಟ ಕುಂಟ್ಕಂಡಿರ್ಲಿ ಅಂತಾನಾ? ಹಾಯ್! ಹಾಯ್! ತಡಿಯವ್ವ, ಕುರಿ ಕಂಡೋರ ಹೊಲಕ್ಕೆ ನುಗ್ತಾ ಅವೆ.”

ಫೋನ್ ಕಟ್. ಮತ್ತೆ ಮಾಡಿದೆ. ಈ ಸಲ ಸುತ್ತಿ ಬಳಸಲಿಲ್ಲ.

“ಆ ಗೆಡ್ಡೇನ ಅವ್ವ ಗೊಜ್ಜು ಮಾಡ್ಕಂಡು ತಿಂದವಳೆ. ಪಾವಗಡದ ಆಸ್ಪತ್ರೇಲಿ ಇದೀವಿ.”

ಕುರಿಗಳ ಸದ್ದು ದೂರವಾಯಿತು, ಅವನು ಬದಿಗೆ ಸರಿದಿದ್ದ.

“ಕಾಲಿಗೆ ಕಟ್ಟೋದ್ನ ಯಾರಾನ ತಿಂತಾರಾ? ಕುರೀನೂ ಮೂಸಲ್ಲ ಅದ್ನ!”

“ತಿಂದಾಯ್ತು ದೊಡ್ಡಪ್ಪ. ಈಗ ಹೇಳು, ಎಲ್ಲಿ ಕಿತ್ತೆ?”

“ಈಗಂತೂ ಹೇಳಕಾಗಲ್ಲ ಕಣವ್ವ.” ಅವನ ದನಿ ಒಡೆದಿತ್ತು. “ಗೆಡ್ಡೆ ಅವಳ ಹೊಟ್ಟೇಲೈತೆ. ನಾನು ಬಾಯಿ ಬುಟ್ರೆ ಅದು ಒಳಗೇ ತಿರುಗಿಬೀಳ್ತದೆ. ನಂಗೆ ಆ ಪಾಪ ಹೊರಿಸ್ಬ್ಯಾಡ. ಬತ್ತೀನಿ, ಇರು.”

ಆಮೇಲೆ ಎಷ್ಟು ಸಲ ಮಾಡಿದರೂ ಫೋನ್ ಎತ್ತಲಿಲ್ಲ. ಆಸ್ಪತ್ರೆಯ ಗೋಡೆಗೆ ನನ್ನ ತಲೆ ಜಜ್ಜಿಕೊಳ್ಳಬೇಕು ಅನ್ನಿಸಿತು. ಅವ್ವನನ್ನು ಉಳಿಸುವ ಒಂದು ಮಾತನ್ನು, ಅವ್ವ ಉಳಿಯಲಿ ಎಂದೇ ಬಾಯೊಳಗೆ ಇಟ್ಟುಕೊಂಡ ಮನುಷ್ಯನ ಹತ್ತಿರ ಯಾವ ಸಸ್ಯಶಾಸ್ತ್ರ ಆಡುವುದು?

ಹನ್ನೆರಡರ ಸುಮಾರಿಗೆ ವಾಂತಿ ನಿಂತಿತು. ಅದೇ ಹೊಸ ತಲೆನೋವಾಯಿತು. ಅವ್ವ ಎದ್ದು ಕೂತು ಸೆರಗು ಸರಿಮಾಡಿಕೊಂಡಳು.

“ನಡಿಯೆ, ಹೋಗಾನ. ಕೋಳಿಗೆ ನೀರಿಟ್ಟಿಲ್ಲ.”

“ಅವ್ವ, ಸುಮ್ನೆ ಮಲಕ್ಕೊ.”

“ಎಲ್ಲ ಕಕ್ಕಂಡಾಯ್ತಲ್ಲ, ಇನ್ನೇನೈತೆ ಒಳಗೆ? ಕಣ್ಣಿಗೆ ಎಲ್ಲ ಒಸಿ ಹಳದಿ ಹಳದಿ ಕಾಣ್ತದೆ ಅಷ್ಟೇಯ.”

ಅಪ್ಪ ಅದಾಗಲೇ ಚಪ್ಪಲಿ ಮೆಟ್ಟಿದ್ದ. “ಅವಳೇ ಹುಷಾರಾಗಿವ್ನಿ ಅಂತಾವ್ಳಲ್ಲ. ಡಾಕ್ಟ್ರಮ್ಮ, ಒಂದು ಮಾತ್ರೆ ಬರ್ಕೊಡಿ ಸಾಕು” ಎಂದ. ಡಾಕ್ಟರು ನನ್ನ ಮುಖ ನೋಡಿದರು. ಸಂಜೆವರೆಗಾದರೂ ಇರಿ ಎಂದರು. ಸಂಜೆಗೆ ನಮ್ಮೂರಿಗೆ ಬಸ್ಸಿಲ್ಲ ಎಂದ ಅಪ್ಪ. ಬಸ್ಸಿನ ವೇಳಾಪಟ್ಟಿಯ ಮೇಲೆ ಅರ್ಧ ಗಂಟೆ ಚರ್ಚೆ ನಡೆಯಿತು, ಅವ್ವನೂ ಹಾಸಿಗೆಯಿಂದಲೇ ಭಾಗವಹಿಸಿದಳು. ನಾನು ಅವಳ ಮಣಿಕಟ್ಟನ್ನು ಬಿಡದೆ ಹಿಡಿದುಕೊಂಡಿದ್ದೆ. ಬೆರಳಿನಡಿ ಒಂದು ಬಡಿತ, ಆಮೇಲೆ ಒಂದು ಬಿಡುವು. ಬಿಡುವು ಉದ್ದವಾಗುತ್ತಿದೆಯೋ, ನನಗೆ ಹಾಗನ್ನಿಸುತ್ತಿದೆಯೋ ಗೊತ್ತಾಗುತ್ತಿರಲಿಲ್ಲ.

ದೊಡ್ಡಪ್ಪ ಬಂದದ್ದು ಒಂದು ಗಂಟೆಯ ಹೊತ್ತಿಗೆ, ಯಾರದೋ ಬೈಕಿನ ಹಿಂದೆ. ಹೆಗಲ ಮೇಲೆ ಕಂಬಳಿ, ಮುಖದ ತುಂಬ ಬೆವರು, ಉಗುರಲ್ಲೆಲ್ಲ ಮಣ್ಣು. ಯಾರನ್ನೂ ಮಾತಾಡಿಸದೆ ನೇರವಾಗಿ ನನ್ನ ಹತ್ತಿರ ಬಂದು, ಕಂಬಳಿ ಮಡಿಕೆ ಬಿಚ್ಚಿ, ಆಗತಾನೇ ಅಗೆದ ಒಂದು ಗೆಡ್ಡೆಯನ್ನು ನನ್ನ ಕೈಗಿಟ್ಟ.

“ನಾನೇನೂ ಹೇಳಿಲ್ಲ, ಹೇಳದೂ ಇಲ್ಲ. ನೀನು ಓದಿರೋದು ಅದೇನೈತೋ, ನೀನೇ ನೋಡ್ಕೊ.”

ಗೆಡ್ಡೆಯ ನೆತ್ತಿಯಿಂದ ಮೊಳದುದ್ದದ ಒಂದು ಒಣಕಡ್ಡಿ ಎದ್ದಿತ್ತು. ಮುರಿಯದಂತೆ ಅದನ್ನು ಕಂಬಳಿಯಲ್ಲಿ ಸುತ್ತಿ ತಂದಿದ್ದ. ಕ್ರೈನಮ್ ಆಗಲಿ, ಆ ಕುಟುಂಬದ ಇನ್ನೊಂದಾಗಲಿ, ಹೂಬಿಡುವುದು ಕಡ್ಡಿಯ ತುದಿಯಲ್ಲಿ ಒಂದೇ ಗೊಂಚಲಾಗಿ, ಕೆಳಗೆಲ್ಲ ಬೋಳು. ಈ ಕಡ್ಡಿಯ ಉದ್ದಕ್ಕೂ ಸಾಲಾಗಿ ಪುಟ್ಟ ಪುಟ್ಟ ಒಣಕಾಯಿ. ಒಂದನ್ನು ಉಗುರಿನಲ್ಲಿ ಒಡೆದೆ. ಕಾಗದದಷ್ಟು ತೆಳ್ಳಗಿನ ಕಪ್ಪು ಬೀಜಗಳು ಅಂಗೈಗೆ ಉದುರಿದವು.

“ಮೂರನೆಯದು,” ಎಂದೆ. ಅಂಗೈಯನ್ನು ಡಾಕ್ಟರ ಮುಂದೆ ಚಾಚಿದೆ. “ಡಾಕ್ಟ್ರೇ, ಕಾಡು ಈರುಳ್ಳಿ. ಹೃದಯದ್ದು.”

ಡಾಕ್ಟರು ಇನ್ನೊಂದು ಇಸಿಜಿ ಮಾಡಿಸಿದರು. ಬಸ್ಸಿನ ಚರ್ಚೆ ಮಾಡುತ್ತ ಕೂತಿದ್ದ ಅವ್ವನ ನಾಡಿ ನಲವತ್ತೊಂದಕ್ಕೆ ಇಳಿದಿತ್ತು. ಒಂದು ಇಂಜೆಕ್ಷನ್ ಕೊಟ್ಟು, ಇನ್ನೆರಡು ಸಿದ್ಧ ಮಾಡಿ, ಹತ್ತು ನಿಮಿಷದಲ್ಲಿ ಆಂಬುಲೆನ್ಸ್ ಹೊರಡಿಸಿದರು.

ಅಪ್ಪ ಮುಂದೆ ಕೂತ, ನಾನೂ ಒಬ್ಬ ನರ್ಸೂ ಹಿಂದೆ. ಆ ದಾರಿಯಲ್ಲಿ ನಾನು ವಾರಕ್ಕೆರಡು ಸಲ ಓಡಾಡುವವಳು, ಆದರೆ ಆವತ್ತು ಕಂಡದ್ದು ನಾಡಿ ತೋರಿಸುವ ಯಂತ್ರದ ಹಸಿರು ಅಂಕಿ ಮಾತ್ರ. ಮಧುಗಿರಿ ಬಂತು ಎಂದು ಗೊತ್ತಾದದ್ದು ರಸ್ತೆ ಉಬ್ಬುಗಳಿಂದ. ಅಲ್ಲಿಂದ ಸ್ವಲ್ಪ ಮುಂದೆ ಅಂಕಿ ಮೂವತ್ತಾರಕ್ಕೆ ಬಂತು. ಅವ್ವ, “ಯಾಕೋ ಕಣ್ಣು ಎಳೀತದೆ ಕಣೆ” ಎಂದು ಮುಖ ಆ ಕಡೆ ತಿರುಗಿಸಿದಳು. ನರ್ಸ್ ಕೊಳವೆಗೆ ಎರಡನೇ ಇಂಜೆಕ್ಷನ್ ತಳ್ಳಿದಳು. ಏನೂ ಆಗಲಿಲ್ಲ. ಪಾವಗಡದ ಡಾಕ್ಟರಿಗೆ ಫೋನ್ ಮಾಡಿ ಕೇಳಿ ಮೂರನೆಯದನ್ನೂ ತಳ್ಳಿದಳು. ಕೊರಟಗೆರೆಯ ಸಂತೆ ಬೀದಿಯಲ್ಲಿ ಯಾರೋ ಗಾಡಿಯನ್ನು ಅಡ್ಡ ನಿಲ್ಲಿಸಿ ಎಳನೀರು ಕುಡಿಯುತ್ತಿದ್ದ. ಡ್ರೈವರ್ ಹಾರನ್ ಹೊಡೆದರೆ, ಕುಡಿದು ಮುಗಿಸಿ, ಬುರುಡೆಯನ್ನು ಸೀಳಿಸಿಕೊಂಡು, ಒಳಗಿನ ಗಂಜಿ ಕೆರೆಯತೊಡಗಿದ. ಅಪ್ಪ ಬಾಗಿಲು ತೆಗೆದು ಇಳಿದ. ಆಣಿ ಕಾಲಿನಲ್ಲೇ ಓಡಿಹೋಗಿ ಅವನ ಕೈಯಿಂದ ಬುರುಡೆ ಕಿತ್ತು ಬಿಸಾಡಿದ. ಆ ಮನುಷ್ಯ ಹಾಗೆ ಓಡಿದ್ದನ್ನು ನಾನು ಯಾವತ್ತೂ ನೋಡಿರಲಿಲ್ಲ. ಊರು ದಾಟುವಾಗ ಅಂಕಿ ನಲವತ್ತನಾಲ್ಕಾಗಿತ್ತು.

ತುಮಕೂರಿನಲ್ಲಿ ಐದು ದಿನ ಇಟ್ಟುಕೊಂಡರು. ಎರಡನೇ ದಿನದ ಸಂಜೆ ಅಲ್ಲಿನ ಡಾಕ್ಟರು, “ಪಾವಗಡದಲ್ಲೇ ಕೂತಿದ್ದರೆ ಕಷ್ಟವಿತ್ತು” ಎಂದಷ್ಟೇ ಹೇಳಿ ಮುಂದಿನ ಮಂಚಕ್ಕೆ ಹೋದರು. ಮೂರನೇ ದಿನ ಅವ್ವ ಎಲೆಅಡಿಕೆ ಕೇಳಿದಳು.

ಮನೆಗೆ ಬಂದ ಮಾರನೇ ದಿನವೇ ದೊಡ್ಡಪ್ಪ ಬಂದ. ಕಂಬಳಿಯಿಂದ ಇನ್ನೊಂದು ಗೆಡ್ಡೆ ತೆಗೆದ.

“ಎರಡನೇ ವಾರ ತಪ್ಪೋಯ್ತಲ್ಲವ್ವ, ಮೊದ್ಲಿಂದ ಶುರು ಮಾಡ್ಬೇಕು.”

“ದೊಡ್ಡಪ್ಪ, ನಿಂಗೆ ತಲೆ ನೆಟ್ಟಗೈತಾ? ಅವ್ವ ಸತ್ತು ಬದುಕವಳೆ!”

“ಅವಳು ತಿಂದಿದ್ದಕ್ಕೆ ಗೆಡ್ಡೆ ಏನ್ಮಾಡ್ತದೆ?” ಎಂದ ಅಪ್ಪ, ಕಾಲು ಚಾಚಿ ಕೂತಲ್ಲಿಂದಲೇ. ಅವ್ವನೂ ಸೇರಿಕೊಂಡಳು: “ಏನೇ ಅದು ನಿನ್ ಕೂಗಾಟ! ಕಾಲು ವಾಸಿಯಾಗ್ಬ್ಯಾಡ್ವಾ ನಿಮ್ಮಪ್ಪಂಗೆ?”

ಮೂವರನ್ನೂ ಒಂದೇ ಸಲ ಬೈದೆ. ದಂಡ. ಕಡೆಗೆ ಆದದ್ದು ಇಷ್ಟು: ಗೆಡ್ಡೆ ನಮ್ಮ ಹೊಸ್ತಿಲು ದಾಟುವಂತಿಲ್ಲ, ಸುಡುವುದು ಕುರಿಹಟ್ಟಿಯ ಹೊರಗೆ, ಸುಡುವವನು ದೊಡ್ಡಪ್ಪನೇ, ಮಿಕ್ಕಿದ್ದನ್ನು ಅಲ್ಲೇ ಗುಂಡಿ ತೋಡಿ ಹೂಳಬೇಕು. “ಆಗ್ಲವ್ವ, ಟೀಚರಮ್ಮ ಹೇಳ್ದಂಗೆ” ಎಂದು ದೊಡ್ಡಪ್ಪ ಕೈಮುಗಿದ. ಎಲ್ಲಿ ಅಗೆದದ್ದು ಎಂದು ಇವತ್ತಿಗೂ ಹೇಳಿಲ್ಲ.

ನಾನು ಕಾಲೇಜಿಗೆ ರಜೆ ಹಾಕಿ ಅವ್ವನ ಪಕ್ಕದಲ್ಲೇ ಮಲಗುತ್ತಿದ್ದೆ. ಮಲಗುತ್ತಿದ್ದೆ ಎನ್ನುವುದು ಸುಳ್ಳು. ಗಂಟೆಗೊಮ್ಮೆ ಎಚ್ಚರವಾಗಿ ಅವಳ ಮಣಿಕಟ್ಟು ಹುಡುಕುತ್ತಿದ್ದೆ, ಒಂದು ನಿಮಿಷ ಎಣಿಸುತ್ತಿದ್ದೆ. ಅರವತ್ತೆಂಟು. ಅರವತ್ತಾರು. ಎಣಿಸುವಾಗ ಬಿಡುವು ಬಂದಂತಾದರೆ ಮತ್ತೆ ಮೊದಲಿನಿಂದ. ನಾನು ಎದ್ದಾಗಲೆಲ್ಲ ಅವಳಿಗೂ ಎಚ್ಚರ, ಅವಳು ಗೊಣಗಿದರೆ ಅಪ್ಪನಿಗೂ ಎಚ್ಚರ. ಬೆಳಿಗ್ಗೆ ಮೂರು ಜನರ ಕಣ್ಣೂ ಕೆಂಪಗೆ.

ಬುಧವಾರ ರಾತ್ರಿ ಅವ್ವ ತನ್ನ ಚಾಪೆ ಎತ್ತಿಕೊಂಡು ನಡುಮನೆಗೆ ಹೋದಳು. “ವಿಷದಿಂದ ಸಾಯ್ಲಿಲ್ಲ, ನೀನು ನಿದ್ದೆಗೆಡ್ಸಿ ಸಾಯ್ಸ್ತೀಯ” ಎಂದು ಒಳಗಿನಿಂದ ಚಿಲಕ ಹಾಕಿಕೊಂಡಳು. ನಾನು ಬಾಗಿಲು ತಟ್ಟಿದೆ, ಬೈದೆ, ಅತ್ತೆ. “ಬದುಕಿವ್ನಿ ಕಣೆ, ಮಲಕ್ಕೊ” ಎಂದಳು. ಸ್ವಲ್ಪ ಹೊತ್ತಿಗೆ ಗೊರಕೆ ಶುರುವಾಯಿತು. ಬಾಗಿಲಿಗೆ ಒರಗಿ ಕೂತು ಆ ಗೊರಕೆಯನ್ನೇ ಎಣಿಸತೊಡಗಿದೆ. ಎಷ್ಟಕ್ಕೆ ನಿಲ್ಲಿಸಿದೆನೋ ನೆನಪಿಲ್ಲ.

ಕಣ್ಣು ಬಿಟ್ಟಾಗ ಬಿಸಿಲು ಜಗಲಿ ದಾಟಿ ನನ್ನ ಕಾಲ ಮೇಲೆ ಬಿದ್ದಿತ್ತು. ಯಾರೋ ನನಗೆ ಕಂಬಳಿ ಹೊದಿಸಿ, ನನ್ನನ್ನು ದಾಟಿಕೊಂಡು ಹೋಗಿದ್ದರು. ಹೊರಗೆ ಅವ್ವ ಹಾಲಿಗೆ ನೀರು ಹಾಕಿದ್ದೀಯ ಎಂದು ಹಾಲಿನವನ ಮೇಲೆ ಬೀದಿಗೆ ಕೇಳುವಂತೆ ಕೂಗಾಡುತ್ತಿದ್ದಳು. ಅಪ್ಪ ಇನ್ನೂ ಎದ್ದಿರಲಿಲ್ಲ. ಆವತ್ತು ಗುರುವಾರ.